ಆಮೆಗೆ ಇಳಿಬಿಟ್ಟ ಲಾಟೀನು

ಕೇಳಿದಿರಾ ಗೆಳೆಯರೇ, ಇವತ್ತು ನಮ್ಮ ಹುಣಸೂರಿನ ಬೀದಿಗೆ ಬೀದಿಯೇ ನಮ್ಮ ಬಾವಿಕಟ್ಟೆಯಲ್ಲಿತ್ತು. ನೀರು ತಿಳಿಯಾಗಿರಲೆಂದು ಬಾವಿಗೆ ಬಿಟ್ಟಿರುವ ಆಮೆ ಈ ಮಾಗಿಯ ಚಳಿಯಲ್ಲಿ ಅನ್ನದ ಅಗುಳನ್ನೂ ಮುಟ್ಟುತ್ತಿರಲಿಲ್ಲ. ಕತ್ತಲೆಗೆ ಸೊರಗಿದೆಯೆಂದು ಬೆಳಿಗ್ಗೆ ಲಾಟೀನು ಹಚ್ಚಿ ಹಗ್ಗದಲ್ಲಿ ಇಳಿಬಿಟ್ಟೆ.

ಬಾವಿಯೊಳಗೆ ಬೆಳಕು ಕಂಡು, ಯಾರನ್ನೋ ಹುಡುಕುತ್ತಿದ್ದಾರೆಂದುಕೊಂಡ ಪಕ್ಕದ ಮನೆಯ ಪುಟ್ಟಮ್ಮ, "ಯಾರೋ ಬಾವಿಗೆ ಬಿದ್ದವ್ರೆ, ಬನ್ರಪ್ಪೋ!" ಎಂದು ಕೂಗಿದರು. ಗಂಡಸರು ಹಗ್ಗ ಹಿಡಿದು ಓಡಿಬಂದರು.

ವಿಷಯ ತಿಳಿದ ಅವ್ವ ನನಗೆ, "ಮಾರಾಜ್ರು ಅರಮನೆಗೆ ದೀಪ ಆಕ್ಸವ್ರೆ ಅಂತ ನೀನು ಬಾವಿಗೂ ಆಕ್ಸಿದ್ಯೇನ್ಲಾ? ಆಮೆಗೆ ಬಿಸ್ಲು ಬೇಕು ಕಣ್ಲಾ!" ಎಂದಳು.

ಬಂದವರೇ ಆಮೆಯನ್ನು ಮೇಲೆತ್ತಿ ಅಂಗಳದ ಬಿಸಿಲಿಗೆ ಬಿಟ್ಟರು. ಅದು ಕತ್ತು ಚಾಚಿ ಸೊಪ್ಪು ತಿನ್ನುತ್ತಿದೆ. ಅವರೂ ಅದರ ಪಕ್ಕದಲ್ಲೇ ಮೈ ಕಾಯಿಸಿಕೊಳ್ಳುತ್ತಾ ಅವ್ವನ ಕಾಫಿ ಕುಡಿಯುತ್ತಿದ್ದಾರೆ.

ಲಾಟೀನು ಮಾತ್ರ ಇನ್ನೂ ಬಾವಿಯಲ್ಲೇ ಉರಿಯುತ್ತಿದೆ. ಅವ್ವನಿಗೆ ನೀವೂ ಹೇಳಬೇಡಿ.