ಕೊರಿಯಾದ ಹಂದಿ, ಕಲ್ಯಾಣದುರ್ಗದ ಹಂದಿ

ಹಂದಿ ಮಾಂಸ ತಿನ್ನುವ ಮನೆಯಿಂದ ಬಂದವಳು ನಾನು. ಅದು ಮುಚ್ಚಿಡಬೇಕಾದ ವಿಷಯ ಅಂತ ನನಗೆ ಗೊತ್ತಾದದ್ದೇ ಮದುವೆಯಾಗಿ ಹಿಂದೂಪುರಕ್ಕೆ ಬಂದ ಮೇಲೆ. ಕಲ್ಯಾಣದುರ್ಗದ ಹತ್ತಿರದ ನಮ್ಮ ಊರಲ್ಲಿ ಅದಕ್ಕೊಂದು ಕ್ರಮ ಇತ್ತು. ಅಡುಗೆಮನೆಗೆ ಅದು ಬರುವಂತಿಲ್ಲ. ಹಿತ್ತಲಲ್ಲಿ ಮೂರು ಕಲ್ಲಿಟ್ಟು, ಅದಕ್ಕೆಂದೇ ಇದ್ದ ಮಡಕೆಯಲ್ಲಿ ಅಪ್ಪನೇ ಬೇಯಿಸುತ್ತಿದ್ದರು. ಅಮ್ಮ ಮಸಾಲೆ ಅರೆದು ಕೊಡುತ್ತಿದ್ದಳೇ ಹೊರತು ಸೌಟು ಹಿಡಿಯುತ್ತಿರಲಿಲ್ಲ. ತಿಂದಾದ ಮೇಲೆ ಎಲ್ಲರೂ ತಲೆಗೆ ನೀರು ಹಾಕಿಕೊಂಡೇ ಒಳಗೆ ಬರಬೇಕು. ಮಡಕೆ ಬೇಲಿಯ ಪಕ್ಕ ಬೋರಲು ಬೀಳುತ್ತಿತ್ತು. ಅದು ಮನೆದೇವರಿಗೆ ತೋರಿಸುವ ಮರ್ಯಾದೆ ಅಂತ ಅಪ್ಪ ಹೇಳುತ್ತಿದ್ದರು. ಸ್ನಾನ ಆಯಿತೆಂದರೆ ಮುಗಿಯಿತು, ಆಮೇಲೆ ನಾವು ಯಾರಿಗೂ ಕಡಿಮೆಯವರಲ್ಲ.

ಅತ್ತೆಮನೆಯವರೂ ನಮ್ಮ ಜಾತಿಯವರೇ, ಸುತ್ತಿ ಬಳಸಿ ನೋಡಿದರೆ ನೆಂಟರೇ. ನಮಗಿಂತ ಒಂದು ತಲೆಮಾರು ಮೊದಲು ಪೇಟೆ ಸೇರಿದವರು, ಅಷ್ಟೇ ವ್ಯತ್ಯಾಸ. ಅವರಿಗೆ ಕೋಳಿ ಆಗುತ್ತದೆ, ಕುರಿ ಆಗುತ್ತದೆ, ಕುರಿಯ ತಲೆ, ಕಾಲು, ಕರುಳು ಎಲ್ಲ ಆಗುತ್ತದೆ. ಹಂದಿ ಅಂದರೆ ಮಾತ್ರ ಅತ್ತೆ ಸೆರಗನ್ನು ಮೂಗಿಗೆ ಒತ್ತಿಕೊಳ್ಳುತ್ತಿದ್ದರು. ಮದುವೆಯ ಮಾತುಕತೆಯ ದಿನವೇ, ಎಲೆಯಡಿಕೆ ತಟ್ಟೆ ಮುಂದಿರುವಾಗಲೇ, ಅಪ್ಪನಿಗೆ ಹೇಳಿಬಿಟ್ಟರು:

"ನಮ್ಮನೇಲಿ ಅದು ನಡೆಯಲ್ಲ ಬೀಗ್ರೆ. ಮದ್ಲೇ ಹೇಳ್ಬುಡ್ತೀನಿ, ಆಮೇಲೆ ಮಾತು ಬರ್ಬಾರ್ದು."

ಅಪ್ಪ ತಲೆಯಾಡಿಸಿದರು. ಅದು ನನಗೆ ಹಾಕಿದ ಕಟ್ಟಳೆ ಅಂದುಕೊಂಡು ನಾನು ಸುಮ್ಮನಾದೆ.

ಹಂದಿ ಬಿಟ್ಟದ್ದಕ್ಕೆ ನನಗೆ ದುಃಖವಿಲ್ಲ. ನಾಲಿಗೆಯನ್ನು ಹೇಗೋ ಸಮಾಧಾನ ಮಾಡಬಹುದು. ನನ್ನ ಮೈ ಉರಿಯುತ್ತಿದ್ದದ್ದು ಅಪ್ಪ ನನ್ನನ್ನು ನೋಡಲು ಬಂದಾಗ. ಬಸ್ಸಿಳಿದು, ಹೆಗಲ ಮೇಲೆ ಕಡ್ಲೆಕಾಯಿ ಚೀಲ ಹೊತ್ತು ಬರುವ ಬೀಗರನ್ನು ಅತ್ತೆ ಬಹಳ ಪ್ರೀತಿಯಿಂದ ಬಾಗಿಲಲ್ಲೇ ತಡೆಯುತ್ತಿದ್ದರು. "ಒಳಗೆ ಸೆಕೆ ಬೀಗ್ರೆ, ಇಲ್ಲೇ ಜಗುಲಿ ಮೇಲೆ ಗಾಳಿಗೆ ಕೂತ್ಕಳಿ." ಊಟವೂ ಅಲ್ಲಿಗೇ, ಕಾಗದದ ತಟ್ಟೆಯಲ್ಲಿ. ಚಳಿಗಾಲದಲ್ಲೂ ನಮ್ಮ ಮನೆಯೊಳಗೆ ಅಪ್ಪನಿಗೆ ಸೆಕೆಯೇ. ಒಳಗಿನ ಸ್ಟೀಲ್ ತಟ್ಟೆ ಯಾಕೆ ಕೊಡಬಾರದು ಅಂತ ಒಮ್ಮೆ ಕೇಳಿದೆ. "ಅವ್ರು ಅದನ್ನ ತಿನ್ನೋರಲ್ಲವೇನಮ್ಮ" ಅಂದರು, ಹಾಲು ಕಾಯಿಸುತ್ತಾ, ತಿರುಗಿಯೂ ನೋಡದೆ. ಗಂಡನ ಕಡೆ ನೋಡಿದೆ. ಅವರು ಇದೊಂದು ವಿಷಯದಲ್ಲಿ ಯಾವತ್ತೂ ಕಿವುಡರು.

ಇನ್ನು ನಮ್ಮ ಮಾವನವರ ಕತೆ. ಅವರಿಗೆ ಮೂಲವ್ಯಾಧಿ. ಹಂದಿ ಮಾಂಸ ತಂಪು, ಮೂಲವ್ಯಾಧಿಗೆ ಒಳ್ಳೆಯದು ಅನ್ನುವ ನಂಬಿಕೆ ನಮ್ಮ ಕಡೆ ಮೊದಲಿಂದ ಇದೆ. ಹಾಗಾಗಿ ಮಾವ ಆಗಾಗ ಹಿಂದೂಪುರದ ಪಕ್ಕದ ಪರಿಗಿ ಕಡೆ ಯಾರದೋ ಮನೆಗೆ "ಔಷಧಿಗೆ" ಹೋಗಿ ಬರುತ್ತಿದ್ದರು. ಬಂದವರು ಸ್ನಾನ ಮಾಡಿ, ನಡುಮನೆಯಲ್ಲಿ ಮಣೆ ಹಾಕಿಕೊಂಡು ಕೂತು ಮಜ್ಜಿಗೆ ಕುಡಿಯುತ್ತಿದ್ದರು. ಮಾವ ತಿಂದರೆ ಔಷಧಿ, ಅಪ್ಪ ತಿಂದರೆ ಹಂದಿ. ಇದನ್ನೂ ನಾನು ನುಂಗಿಕೊಂಡೆ.

ಹೀಗಿರುವಾಗ ನನ್ನ ಮೈದುನನಿಗೆ ಪೆನುಕೊಂಡದ ಕಡೆ, ಕಾರಿನ ಬಿಡಿಭಾಗ ಮಾಡುವ ಒಂದು ಫ್ಯಾಕ್ಟರಿಯಲ್ಲಿ ಕೆಲಸವಾಯಿತು. ಅಲ್ಲಿ ಮೇಲಿನವರೆಲ್ಲ ಕೊರಿಯಾದವರು. ಒಂದು ಸಂಜೆ ಅವರು ಕೆಲಸದವರಿಗೆಲ್ಲ ಊಟ ಹಾಕಿಸಿದರಂತೆ. ಇದ್ದಿಲ ಮೇಲೆ ಜಾಲರಿ ಇಟ್ಟು, ಸಿಹಿಯೂ ಉಪ್ಪೂ ಕೂಡಿದ ಯಾವುದೋ ಪಾಕ ಸವರಿ ಸುಟ್ಟ ಹಂದಿ ಮಾಂಸ. ಮೈದುನ ಮನೆಗೆ ಬಂದು ಮೊಬೈಲಿನಲ್ಲಿ ಅದರ ವಿಡಿಯೋ ತೋರಿಸಿದ್ದೇ ತೋರಿಸಿದ್ದು. ಅತ್ತೆ ಸೆರಗು ಮೂಗಿಗೆ ಒಯ್ದರು.

"ಇದು ಬೀದೀಲಿ ತಿರ್ಗೋ ಹಂದಿ ಅಲ್ಲ ಕಣಮ್ಮ. ಫಾರಂದು. ದೊಡ್ಡ ದೊಡ್ಡ ಹೋಟ್ಲಲ್ಲೆಲ್ಲ ಇದೇ ಕೊಡೋದು. ಭಾಳ ಚೆನ್ನಾಗಿರ್ತದೆ, ಚಾಲಾ ಬಾವುಂಟುಂದಿ," ಅಂದ ಅವನು, ತೆಲುಗಿನಲ್ಲಿ ಹೇಳಿದರೆ ರುಚಿ ಇನ್ನೂ ಹೆಚ್ಚುತ್ತದೆ ಅನ್ನುವ ಹಾಗೆ.

ಸೆರಗು ನಿಧಾನಕ್ಕೆ ಕೆಳಗಿಳಿಯಿತು. ನಮ್ಮ ಮನೆಯೊಳಕ್ಕೆ ಹಂದಿ ಬಂದದ್ದು ಹೀಗೆ.

ಮುಂದಿನ ಭಾನುವಾರ ತಾರಸಿಯ ಮೇಲೆ ಇಟ್ಟಿಗೆ ಜೋಡಿಸಿ, ಕಬ್ಬಿಣದ ಜಾಲರಿ ಇಟ್ಟಾಯಿತು. ಪರಿಗಿಯಿಂದ ಮಾಂಸವೂ ಬಂತು. ಈಗ ಮುಟ್ಟುವವರು ಯಾರು? ಎಲ್ಲರ ಕಣ್ಣೂ ನನ್ನ ಮೇಲೆ. "ಅತ್ತಿಗೆ, ನಿಮ್ಗೆ ಕೈ ಪಳಗಿರ್ತದಲ್ಲ" ಅಂದ ಮೈದುನ. ಅದೇ ಕೈ, ನೋಡಿ! ಆ ಕೈಯವಳ ಅಪ್ಪನಿಗೆ ಒಳಗಿನ ತಟ್ಟೆ ಇಲ್ಲ. ಬಾಯಿತುದಿಗೆ ಬಂದ ಮಾತನ್ನು ಹಿಡಿದುಕೊಂಡು ಚಾಕು ತೆಗೆದುಕೊಂಡೆ. ನಿಜ ಹೇಳುತ್ತೇನೆ, ಸಿಟ್ಟಿನ ಜೊತೆಗೇ ಬಾಯಲ್ಲಿ ನೀರೂ ಬಂತು.

ಪಾಕಕ್ಕೆ ಸಕ್ಕರೆ ಅಂದಿದ್ದ ಮೈದುನ. ಹಿಂದೂಪುರದಲ್ಲಿದ್ದುಕೊಂಡು, ಮಂಡಿ ತುಂಬ ಬೆಲ್ಲ ಇಟ್ಟುಕೊಂಡು ಸಕ್ಕರೆ ಯಾಕೆ? ಸೋಯಾ ಸಾಸಿಗೆ ಬೆಲ್ಲ ಕುಟ್ಟಿ ಹಾಕಿ, ಶುಂಠಿ ಬೆಳ್ಳುಳ್ಳಿ ಜಜ್ಜಿ, ಒಣಮೆಣಸಿನಕಾಯಿ ಪುಡಿ ಉದುರಿಸಿ, ಎಳೆ ಬರುವವರೆಗೆ ಕುದಿಸಿದೆ. ಇಳಿಸುವಾಗ ಒಂದಿಷ್ಟು ಹುಣಸೆ ರಸ, ಒಂದು ಚಮಚ ಎಳ್ಳೆಣ್ಣೆ. ಮೊದಲ ಸಲ ಹಸಿ ಮಾಂಸಕ್ಕೇ ಪಾಕ ಸವರಿದ್ದರಿಂದ ಬೆಲ್ಲ ಹೊತ್ತಿ ಎಲ್ಲ ಕರಿಯಾಯಿತು. ಆಮೇಲೆ ತಿಳಿಯಿತು. ಮಾಂಸವನ್ನು ಬರೀ ಉಪ್ಪಿನಲ್ಲಿ ಮುಕ್ಕಾಲು ಪಾಲು ಬೇಯಲು ಬಿಡಬೇಕು, ಕೊಬ್ಬು ಕರಗಿ ಕೆಂಡಕ್ಕೆ ಬಿದ್ದು ಬುಸ್ಸೆನ್ನಬೇಕು, ಆಗ ಪಾಕ ಸವರಿ, ತಿರುವಿ, ಇನ್ನೊಂದು ಸಲ ಸವರಬೇಕು. ಹೊರಗೆ ಕಡುಕೆಂಪಾಗಿ ಮಿಂಚುವ ಸಿಹಿ, ಕಚ್ಚಿದರೆ ಒಳಗೆ ಉಪ್ಪು ಖಾರ. ಪಕ್ಕದ ತಾರಸಿಯವರು ಬಟ್ಟೆ ಒಣಹಾಕುವ ನೆಪದಲ್ಲಿ ಬಂದು ನಿಲ್ಲುತ್ತಿದ್ದರು.

ಅಲ್ಲಿಂದ ಪ್ರತಿ ಭಾನುವಾರ ಇದೇ ಆಯಿತು. ಒಳಗಿನ ತಟ್ಟೆಗಳೆಲ್ಲ ಮೇಲಕ್ಕೆ ಹೋಗಿ ಜಿಡ್ಡಾಗಿ ಕೆಳಗೆ ಬರುತ್ತಿದ್ದವು. ಸ್ನಾನದ ಮಾತೇ ಇಲ್ಲ. ತಿಂದ ಬಾಯಲ್ಲೇ ದೇವರ ಮುಂದೆ ದೀಪ. ನಮ್ಮ ಹಿತ್ತಲಿನ ಮರ್ಯಾದೆಯೂ ಇವರಿಗೆ ಇರಲಿಲ್ಲ ಅಂದರೆ ನೋಡಿ. ಮಾವನಿಗೆ ಮೂಲವ್ಯಾಧಿ ಮರೆತೇ ಹೋಯಿತು. ಅತ್ತೆಯಂತೂ "ಕೊಬ್ಬು ಇರೋ ತುಂಡು ನಂಗಿರ್ಲಿ ಕಣಮ್ಮ" ಅಂತ ಮೊದಲೇ ಹೇಳಿಡುತ್ತಿದ್ದರು.

ಅಂಥದ್ದೇ ಒಂದು ಭಾನುವಾರ ಮಧ್ಯಾಹ್ನ ಅಪ್ಪ ಬಂದರು. ನಾನು ಕೆಂಡದ ಮುಂದಿದ್ದೆ. ಕೆಳಗಿನಿಂದ ಅವರ ದನಿ ಕೇಳಿ ಇಕ್ಕಳ ಹಿಡಿದುಕೊಂಡೇ ಇಳಿದೆ. ಅತ್ತೆ ನನಗಿಂತ ಮೊದಲೇ ಬಾಗಿಲಲ್ಲಿದ್ದರು. ತುಟಿಯ ಅಂಚಿನಲ್ಲಿ ಪಾಕ ಇನ್ನೂ ಹೊಳೆಯುತ್ತಿತ್ತು.

"ಬನ್ನಿ ಬೀಗ್ರೆ. ಒಳಗೆ ಸೆಕೆ, ಇಲ್ಲೇ ಗಾಳಿಗೆ ಕೂತ್ಕಳಿ."

ನನಗೆ ಎಲ್ಲಿತ್ತೋ ಅಷ್ಟು ಸಿಟ್ಟು. "ಅತ್ತೆ, ನೀವೀಗ ತಿಂತಿದ್ದಿದ್ದು ಏನು?" ಅಂದೆ.

"ಅದೇನಮ್ಮ, ಅದು ಕೊರಿಯಾದ್ದು..."

"ಹಂದಿ ಪರಿಗಿದು. ಬೆಲ್ಲ ಹಿಂದೂಪುರದ ಮಂಡೀದು. ಸುಟ್ಟೋಳು ಕಲ್ಯಾಣದುರ್ಗದೋಳು. ಕೊರಿಯಾ ಎಲ್ಲಿಂದ ಬಂತು ಮಧ್ಯದಲ್ಲಿ?"

ಅತ್ತೆ ಸೆರಗಿನಿಂದ ತುಟಿ ಒರೆಸಿಕೊಂಡರು. ನಾನು ಅಪ್ಪನ ಕೈ ಹಿಡಿದು, ನಡುಮನೆಯೊಳಗಿಂದಲೇ ಹಾದು, ತಾರಸಿಗೆ ಕರೆದುಕೊಂಡು ಹೋದೆ. ಮಾವ, ಗಂಡ, ಮೈದುನ ಎಲ್ಲ ತಟ್ಟೆ ಹಿಡಿದು ಕೂತಿದ್ದರು. ಅವರ ಮುಂದೆಯೇ ಒಂದು ಸ್ಟೀಲ್ ತಟ್ಟೆಗೆ ಒಳ್ಳೊಳ್ಳೆಯ ತುಂಡು ಆರಿಸಿ ಹಾಕಿ ಅಪ್ಪನ ಕೈಗೆ ಕೊಟ್ಟೆ. ಗೆದ್ದೆ ಅಂದುಕೊಂಡೆ.

ಅಪ್ಪ ತಟ್ಟೆಯನ್ನು ಮೆಲ್ಲಗೆ ತಾರಸಿಯ ಮೋಟುಗೋಡೆಯ ಮೇಲಿಟ್ಟರು. "ನಂಗೆ ಬ್ಯಾಡ ಕಣಮ್ಮ. ನಾನು ಬಿಟ್ಬುಟ್ಟಿದೀನಿ."

"ಯಾವಾಗ್ಲಿಂದ?"

"ನಿನ್ ಮದ್ವೆ ಮಾತಾಡಿದ್ ದಿನದಿಂದ. ಬೀಗ್ತೀರಿಗೆ ಮಾತು ಕೊಟ್ಟಿದ್ನಲ್ಲ. ನಾನು ತಿಂದ್ರೆ ನಿಂಗೆ ಇಲ್ಲಿ ಮಾತು ಬತ್ತದೆ ಅಂತ."

ನಾನು ತವರಿಗೆ ಹೋದಾಗ ಹಿತ್ತಲಲ್ಲಿ ಒಲೆ ಹೂಡದಿದ್ದದ್ದು ನನ್ನ ಕಟ್ಟಳೆಗಾಗಿ ಅಂತಲೇ ಇಷ್ಟು ದಿನ ಅಂದುಕೊಂಡಿದ್ದೆ. ನನ್ನ ಹಿಂದೆಯೇ ಮೆಟ್ಟಿಲು ಹತ್ತಿ ಬಂದಿದ್ದ ಅತ್ತೆ, "ಹಂಗಂತ ಹೇಳೋದಲ್ವಾ ಬೀಗ್ರೆ?" ಅಂದರು.

"ಹೇಳ್ದೆ ಕಣಮ್ಮ, ಜಗುಲಿ ಮೇಲೆ ಕೂತಾಗ. ನೀವು ನಕ್ಬುಟ್ರಿ."

ಅಪ್ಪ ಅದನ್ನು ದೂರಿನ ಹಾಗೆ ಹೇಳಲಿಲ್ಲ. ಅದಕ್ಕೇ ನನಗೆ ಇನ್ನೂ ಸಿಟ್ಟು ಬಂತು, ಅವರ ಮೇಲೂ ಬಂತು. ಇಷ್ಟು ವರ್ಷ ಬಾಯಿ ಕಟ್ಟಿಕೊಂಡು, ತಿನ್ನದ ತಪ್ಪಿಗೆ ಕಾಗದದ ತಟ್ಟೆ ಹಿಡಿದು ಕೂತಿದ್ದರಲ್ಲ! ಅವತ್ತೂ ಮೊಸರನ್ನ ಸಾಕು ಅಂದು, ಯಾರೂ ಹೇಳದಿದ್ದರೂ ತಾವಾಗಿಯೇ ಜಗುಲಿಗೆ ಹೋಗಿ ಕೂತು ಉಂಡು, ಬಸ್ಸಿಗೆ ಹೊರಟರು. ಅತ್ತೆ "ಪಾಪ" ಅಂದರು. ಆಮೇಲೆ ಜಾಲರಿಯ ಮೇಲಿದ್ದದ್ದು ಹೊತ್ತುತ್ತಾ ಇದೆ ನೋಡು ಅಂದರು.

ಮುಂದಿನ ಭಾನುವಾರ ಇದ್ದಿಲು ತಂದಿಟ್ಟುಕೊಂಡು ಕಾಯುತ್ತಿದ್ದವರಿಗೆ, ನಾನು ಊರಿಗೆ ಹೋಗುತ್ತೇನೆ ಅಂದೆ. "ಮಾಡಿಟ್ಟು ಹೋಗು" ಅಂದರು ಗಂಡ. ಈ ಸಲ ನಾನು ಕಿವುಡಿ. ಮಾಂಸವನ್ನು ಡಬ್ಬಿಯಲ್ಲೂ ಪಾಕವನ್ನು ಬಾಟಲಿಯಲ್ಲೂ ತುಂಬಿಕೊಂಡು ಕಲ್ಯಾಣದುರ್ಗದ ಬಸ್ಸು ಹತ್ತಿದೆ.

ಹಿತ್ತಲಲ್ಲಿ ಕೆಂಡ ಮಾಡಿದೆ. "ಹಂದಿ ಬಾಡಿಗೆ ಬೆಲ್ಲ ಹಾಕ್ತಾರೇನೆ, ಇದೇನು ಒಬ್ಬಟ್ಟಾ?" ಅಂತ ಅಮ್ಮ ಗೊಣಗಿದಳು. ನೆರೆಯವರ ಹಿತ್ತಲಲ್ಲಿ ಹಂದಿ ಬೇಯುವ ದಿನ ಅಪ್ಪ ಎದ್ದು ಬಸ್‌ಸ್ಟ್ಯಾಂಡಿಗೆ ಹೋಗಿ ಕೂರುತ್ತಿದ್ದರು, ವಾಸನೆ ತಡೆಯಲಾರದೆ ಅಂತಲೂ ಅವಳೇ ಹೇಳಿದಳು. ಅಪ್ಪ ದೂರದಲ್ಲಿ ಕೂತು ಕೇಳದವರ ಹಾಗೆ ಇದ್ದರು.

"ಮಾತು ಈಸ್ಕಂಡೋರೇ ತಿಂತಾವ್ರೆ ಕಣಪ್ಪ. ಕೊಟ್ಟೋರು ಬಾಯಿ ಕಟ್ಕಂಡಿರೋದು ಯಾವೂರ ನ್ಯಾಯ?" ಅಂತ ಬೈದೇ ಬೈದೆ. ಬಹಳ ಹೊತ್ತು ಬೇಡ ಅಂದವರು ಕೊನೆಗೆ ಎದ್ದು ಬಂದು ಕೆಂಡದ ಪಕ್ಕ ಕುಕ್ಕರಗಾಲಲ್ಲಿ ಕೂತರು. ಒಂದು ತುಂಡು ಎತ್ತಿಕೊಂಡು, ಊದಿ, ಬಾಯಿಯ ಹತ್ತಿರ ತಂದು ನಿಲ್ಲಿಸಿದರು. ಬೇಲಿಯ ಆಚೆ ಒಮ್ಮೆ ನೋಡಿದರು.

"ನಿಮ್ಮತ್ತೇರಿಗೆ ಹೇಳ್ಬ್ಯಾಡ ಕಣಮ್ಮ. ನಿಂಗೆ ತೊಂದ್ರೆ ಆಯ್ತದೆ."

ತಮ್ಮದೇ ಹಿತ್ತಲಲ್ಲಿ, ಮಗಳ ಕೈಯಿಂದ ತಿನ್ನುವ ತುತ್ತಿಗೆ ಅಪ್ಪ ಕಳ್ಳನ ಹಾಗೆ ಹೆದರಬೇಕೆ? ಕೈ ಒರೆಸಿಕೊಂಡು ಅಲ್ಲೇ ಫೋನ್ ತೆಗೆದೆ. ಅತ್ತೆಯೇ ಎತ್ತಿದರು.

"ಅತ್ತೆ, ನಮ್ಮಪ್ಪ ನನ್ನೆದುರಿಗೇ ಕೂತು ಹಂದಿ ಬಾಡು ತಿಂತಾವ್ರೆ. ಇನ್ಮೇಲೂ ತಿಂತಾರೆ. ಮುಂದಿನ ಸಲ ಹಿಂದೂಪುರಕ್ಕೆ ಬಂದಾಗ ನಡುಮನೇಲಿ, ಮಾವನ ಪಕ್ಕದಲ್ಲಿ ಊಟಕ್ಕೆ ಹಾಕ್ತೀನಿ. ಹೇಳ್ದೇ ಮಾಡಿದ್ಲು ಅನ್ಬ್ಯಾಡಿ."

ಆ ಕಡೆ ಟಿವಿಯ ಸದ್ದು ಕೇಳುತ್ತಿತ್ತು. ಅಪ್ಪನ ಕೈ ಎತ್ತಿದಲ್ಲೇ ನಿಂತಿತ್ತು, ಕಣ್ಣು ನನ್ನ ಫೋನಿನ ಮೇಲಿತ್ತು.

"ತಿನ್ನಪ್ಪ," ಅಂದೆ, ಅತ್ತೆಗೂ ಕೇಳಲಿ ಅಂತ ಗಟ್ಟಿಯಾಗಿಯೇ. "ಆರೋಯ್ತದೆ."