ಆ ಮಾಡೆಲ್‌ನಲ್ಲಿ ಇಲ್ಲದ ಕೋಣೆ

ಸಿಟ್ಟು ಕಡಿಮೆ ಮಾಡಪ್ಪ ಅಂತ ದಿನಾ ದೇವರಿಗೆ ದೀಪ ಹಚ್ಚುವಾಗ ಕೇಳಿಕೊಳ್ಳುವವಳು ನಾನು. ಈ ಒಂದು ವಿಷಯದಲ್ಲಿ ಮಾತ್ರ ಅವನು ಕಿವಿಗೆ ಹಾಕಿಕೊಂಡಿಲ್ಲ.

ತೊಂಬತ್ತರ ದಶಕ. ನಾವಾಗ ಅಮೆರಿಕದ ರಾಕ್‌ವಿಲ್‌ನಲ್ಲಿದ್ದೆವು. ಪಕ್ಕದ ಮನೆಯಲ್ಲಿ ಎಪ್ಪತ್ತು ದಾಟಿದ, ಕಪ್ಪು ಜನಾಂಗದ ಹೆಂಗಸು. ನಾನು ಆಂಟಿ ಅನ್ನುತ್ತಿದ್ದೆ. ಹರೆಯದಲ್ಲಿ ಅವರು ಕೆರೊಲಿನಾದ ಒಂದು ಊರಿನ ವಿಮಾನ ನಿಲ್ದಾಣದ ಅಡುಗೆಮನೆಯಲ್ಲಿ ಕೆಲಸಕ್ಕಿದ್ದರು. ಆಗಿನ್ನೂ ಜನ ಟಿಕೆಟ್ ಕೊಂಡು ವಿಮಾನ ಹತ್ತುವುದೇ ಹೊಸದು. ಹುಲ್ಲು ಮೈದಾನದ ಅಂಚಿಗೊಂದು ಪುಟ್ಟ ಕಟ್ಟಡ, ಅದೇ ನಿಲ್ದಾಣ. ಅದರ ಪುಟ್ಟ ಮಾಡೆಲನ್ನು ನಮ್ಮೂರ ಲೈಬ್ರರಿಯಲ್ಲಿ ಇಟ್ಟಿದ್ದಾರೆಂದು ತಿಳಿದು ಆಂಟಿಯನ್ನು ಕರೆದೊಯ್ದೆ.

ಆಂಟಿ ಬಗ್ಗಿ ಬಗ್ಗಿ ನೋಡಿದರು. ಮಾಡೆಲ್ ಮಾಡಿದ್ದವನು ಹಿಂದೆ ಆ ನಿಲ್ದಾಣದಿಂದ ಹಾರುತ್ತಿದ್ದ ನಿವೃತ್ತ ಪೈಲಟ್, ಅಲ್ಲೇ ನಿಂತಿದ್ದ.

“ನಮ್ಮ ಕೋಣೆ ಎಲ್ಲಿ?” ಆಂಟಿ ಕೇಳಿದರು.

“ಯಾವ ಕೋಣೆ, ಮ್ಯಾಮ್?”

“ಲಗೇಜು ಇಡೋ ಜಾಗದ ಹಿಂದೆ. ಕಿಟಕಿ ಇರಲಿಲ್ಲ, ಒಂದೇ ಬೆಂಚು. ಕಪ್ಪು ಜನ ಅಲ್ಲೇ ಕೂರಬೇಕಿತ್ತು.”

“ಓ, ಅದಾ? ಜಾಗ ಸಾಲಲಿಲ್ಲ.”

ನನಗೆ ಮೈಯೆಲ್ಲ ಉರಿಯಿತು. “ನಾಯಿಗೆ ಜಾಗ ಇದೆಯಲ್ಲ!” ಅಂದೆ. ಮಾಡೆಲಿನ ಪೆಟ್ರೋಲ್ ಪಂಪಿನ ಪಕ್ಕ ನಿಜವಾಗಿಯೂ ಬೆರಳುಗುರಿನಷ್ಟು ನಾಯಿ ಮಾಡಿಟ್ಟಿದ್ದ, ಬಾಲ ಸಮೇತ. ಅವನು ನಕ್ಕ. ಅಭಿಪ್ರಾಯದ ಪುಸ್ತಕದಲ್ಲಿ ಒಂದು ಪುಟ ಬರೆದೆ. ನನ್ನ ಇಂಗ್ಲಿಷಿನ ಬಗ್ಗೆ ಅಂದು ನನಗೆ ನಾಚಿಕೆಯೇ ಆಗಲಿಲ್ಲ.

ಕಾರಿನಲ್ಲಿ ಆಂಟಿ ಹೇಳಿದರು: “ಎಲ್ಲರಿಗೂ ಕಾಫಿ ಮಾಡ್ತಿದ್ದದ್ದು ನಾನೇ. ನಾನು ಕುಡೀಬೇಕಾದರೆ ಹಿಂಬಾಗಿಲಲ್ಲಿ, ನಿಂತುಕೊಂಡು, ಬೇರೆ ಲೋಟದಲ್ಲಿ.”

ಆಂಟಿಯನ್ನು ನಮ್ಮ ಮನೆಗೇ ಕರೆತಂದು ಕಾಫಿ ಬೆರೆಸಿದೆ. ಕೈ ತಾನಾಗಿ ಪೇಪರ್ ಕಪ್ಪಿಗೆ ಹೋಯಿತು.

ಎರಡು ವರ್ಷದಿಂದ ಆಂಟಿಗೆ ಅದರಲ್ಲೇ ಕೊಡುತ್ತಿದ್ದೆ. ಮಾಂಸ ತಿನ್ನುವವರು, ನಮ್ಮದು ಮಡಿಯ ಅಡುಗೆಮನೆ ಎಂದು ನನಗೆ ನಾನೇ ಸಮಜಾಯಿಷಿ ಹೇಳಿಕೊಂಡು. ಆದರೆ ನಮ್ಮ ಯಜಮಾನರ ಬಿಳಿ ಬಾಸ್ ಬಂದಾಗ ಬೆಳ್ಳಿ ಲೋಟ ತೆಗೆದಿದ್ದೆನಲ್ಲ? ಅವರೇನು ಸೊಪ್ಪು ತಿಂದು ಬದುಕುವವರೇ? ಪೈಲಟ್ಟಿನ ಮೇಲಿದ್ದ ಸಿಟ್ಟೆಲ್ಲ ತಿರುಗಿ ನನ್ನ ಮೇಲೇ ಬಿತ್ತು.

ಬೆಳ್ಳಿ ಲೋಟ ಇಳಿಸಿ, ತೊಳೆದು, ಕಾಫಿ ಸುರಿದು ಕೊಟ್ಟೆ.

“ಏನಮ್ಮಾ, ಇವತ್ತೇನು ಹಬ್ಬ?”

“ಪೇಪರ್ ಕಪ್ ಮುಗಿದಿದೆ ಆಂಟಿ.”

ಬೀರುವಿನ ಬಾಗಿಲು ತೆರೆದೇ ಇತ್ತು. ಪೇಪರ್ ಕಪ್‌ಗಳ ಕಟ್ಟು ಎದುರಿಗೇ ಕಾಣುತ್ತಿತ್ತು. ಆಂಟಿ ಅದನ್ನು ನೋಡಿದರು, ನನ್ನನ್ನು ನೋಡಿದರು. ಕುರ್ಚಿ ಎಳೆದುಕೊಂಡು ಕೂತು ನಿಧಾನವಾಗಿ ಕುಡಿದರು.

ಬೈಯದೆ ಕುಡಿದರಲ್ಲ, ಅದು ದೇವರ ದಯೆ. ಆ ಕೋಣೆಯನ್ನಂತೂ ಮಾಡೆಲ್‌ಗೆ ಕೊನೆಗೂ ಸೇರಿಸಲಿಲ್ಲ. ನಾನು ಹೋಗಿ ಹೋಗಿ ನೋಡಿ ಬಂದಿದ್ದೇನೆ.