ಚಿತ್ರದ ಹೊರಗಿನ ದನಿ

ಸಿಂಗಪುರದ ಕಾಕಿ ಬುಕಿತ್‌ನಲ್ಲಿ ಹಳೆಯ ಫಿಲ್ಮ್ ರೀಲುಗಳನ್ನು ಡಿಜಿಟಲ್ ಮಾಡಿಕೊಡುವುದು ನನ್ನ ಕೆಲಸ. ಒಮ್ಮೆ ಬ್ರಿಟಿಷ್ ವೃದ್ಧೆಯೊಬ್ಬರು ತುಕ್ಕು ಹಿಡಿದ ಡಬ್ಬಿ ತಂದರು. ಅವರ ತಂದೆ ಇಂಗ್ಲೆಂಡಿನಲ್ಲಿ ಸಿನಿಮಾ ನಿರ್ದೇಶಕರಂತೆ, ಆಮೇಲೆ ಟಿವಿಗೆ ನಾಟಕ ಮಾಡಿದರಂತೆ. ಆ ಕಾಲದಲ್ಲಿ ಟೇಪು ದುಬಾರಿ. ಒಂದು ನಾಟಕವನ್ನು ಅಳಿಸಿ ಅದರ ಮೇಲೇ ಇನ್ನೊಂದನ್ನು ತುಂಬುತ್ತಿದ್ದರು. ಮಗಳ ಪಾಲಿಗೆ ಉಳಿದದ್ದು ಶೂಟಿಂಗ್‌ನ ಈ ಕಚ್ಚಾ ರೀಲೊಂದೇ.

ರೀಲು ಸೊರಗಿತ್ತು. ಯಂತ್ರದಲ್ಲಿ ಒಮ್ಮೆ ಓಡಿದರೆ ಪುಣ್ಯ. ಎಂದಿನಂತೆ ಯಂತ್ರಕ್ಕೆ ವಿಭೂತಿ ಹಚ್ಚಿ ಕೈಮುಗಿದೆ.

“ಇದಕ್ಕೂ ದೇವರು ಬೇಕೆ?” ಎಂದರು ಆಕೆ.

“ರೀಲು ಹಳೇದು, ಯಂತ್ರ ಹೊಸದು. ನಡುವೆ ಹಿರಿಯರೊಬ್ಬರು ಇರಲಿ, ಮೇಡಂ.”

ಅಷ್ಟರಲ್ಲಿ ಸೂಪರ್‌ವೈಸರ್ ಇಣುಕಿ, “ಅಂಕಲ್, ದೃಶ್ಯ ಶುರುವಾಗೋ ಮುಂಚೆ, ಮುಗಿದ ಮೇಲೆ ಇರೋ ಗದ್ದಲ ಬಿಟ್ಟುಬಿಡಿ ಲಾ” ಎಂದ, ಇಲ್ಲಿಯವರ ಧಾಟಿಯಲ್ಲಿ. ನಮ್ಮಲ್ಲಿ ಅದೇ ನಿಯಮ.

ಆಕೆ ತಟ್ಟನೆ ನನ್ನ ಕೈ ಹಿಡಿದುಕೊಂಡರು. “ಬೇಡ! ನನಗೆ ಬೇಕಾದದ್ದೇ ಅದು. ಅಪ್ಪ ಬಾಳೆಲ್ಲ ಬೇರೆಯವರನ್ನೇ ತೋರಿಸಿದರು. ಅವರ ದನಿ ನಮ್ಮ ಮನೆಯಲ್ಲಿ ಎಲ್ಲೂ ಉಳಿದಿಲ್ಲ.”

ಏನನ್ನೂ ಬಿಡದೆ ರೀಲನ್ನು ನಿಧಾನವಾಗಿ ಓಡಿಸತೊಡಗಿದೆ. ನಾಯಕ ನಾಯಕಿಯ ಮೊದಲ ದೃಶ್ಯ ಮುಗಿಯುತ್ತಲೇ ಗಡಸು ದನಿಯೊಂದು, “ಕಟ್! ಯಾರಯ್ಯಾ ಅಲ್ಲಿ ಕೆಮ್ಮಿದ್ದು?” ಎಂದು ಗದರಿತು.

ಆಕೆ ಕಣ್ಣೊರೆಸಿಕೊಂಡು ನಕ್ಕರು. “ಊಟದ ಮೇಜಿನಲ್ಲೂ ಹೀಗೇ!”

ಕಂಪ್ಯೂಟರ್‌ಗೆ ಇಳಿದ ಆ ಗದರಿಕೆಯನ್ನೇ ಮತ್ತೆ ಮತ್ತೆ ಹಾಕಿ ಕೇಳಿದೆವು. ಪಾಪ, ಆ ನಾಯಕ ನಾಯಕಿ ಕೊನೆಗೆ ಒಂದಾದರೋ ಇಲ್ಲವೋ, ನೋಡುವ ವ್ಯವಧಾನ ನಮ್ಮಿಬ್ಬರಿಗೂ ಇರಲಿಲ್ಲ.